ಏಳು ಹಿಡಿ ಉಪ್ಪು

ಮೂರನೆಯ ಹಿಡಿ ಉಪ್ಪನ್ನು ಮರದ ಬುಡಕ್ಕೆ ಎರಚಿ ಕಿಸಾಬುರೊ ತಲೆಯೆತ್ತಿ ನೋಡಿದ. ಒಣಗಿದ ಕೊಂಬೆ ಮೂರಾಳು ಎತ್ತರದಲ್ಲಿ, ಹಾದಿಗೆ ಸರಿಯಾಗಿ ಮೇಲೆ, ಇವತ್ತೋ ನಾಳೆಯೋ ಎನ್ನುವಂತೆ ನೇತಾಡುತ್ತಿತ್ತು. ನಾಳೆ ಬೆಳಿಗ್ಗೆ ಒಂಬತ್ತಕ್ಕೆ ರಸ್ತೆ ಸಮಿತಿಯ ಐದು ಜನ ಇದೇ ಹಾದಿಯಲ್ಲಿ ಬಂದು ಇದೇ ಮರದಡಿ ಮಂಡಿಯೂರಿ ಕೂರುವವರಿದ್ದರು. ದೊಡ್ಡವರ ತಲೆಯ ಮೇಲೆ ಕೊಂಬೆ ಬಿದ್ದು ಊರಿನ ಮಾನ ಹೋಗುವುದು ಬೇಡ ಎಂದು ಊರ ಮುಖ್ಯಸ್ಥ ಸದಾಯೊಶಿ ಮಧ್ಯಾಹ್ನ ಮನೆಯವರೆಗೂ ಬಂದು ಹೇಳಿದ್ದ. "ನೀನು ಬಿಟ್ರೆ ಆ ಮರ ಮುಟ್ಟೋ ಧೈರ್ಯ ಯಾರ್ಗಿದೆ ಹೇಳಯ್ಯ. ಶಾಸ್ತ್ರ ಗೀಸ್ತ್ರ ಎಲ್ಲಾ ಸರಿಯಾಗ್ ಮಾಡು," ಅಂದಿದ್ದ.

ಉಬ್ಬಿಸುವ ಮಾತಾದರೂ ಸುಳ್ಳಲ್ಲ. ಕುರೊತಾನಿಯ ಹದಿನಾಲ್ಕು ಮನೆಗಳಲ್ಲಿ ಮರ ಕಡಿಯುವ ಕೆಲಸ ಬಲ್ಲವನು ಈಗ ಉಳಿದಿರುವುದು ಅವನೊಬ್ಬನೇ, ಅವನಿಗೂ ಅರವತ್ತೆಂಟು ತುಂಬಿತ್ತು. ಅದೂ ಇದು ಅಮ್ಮನ ಕಾಡಿನ ಮರ. ಬೆಟ್ಟದಮ್ಮನಿಗೆ ಎಂದು ಅಜ್ಜಂದಿರ ಅಜ್ಜಂದಿರು ಬಿಟ್ಟ ಹತ್ತೆಕರೆ ಕಾಡು, ಅದರ ನಟ್ಟನಡುವೆ ಈ ತೊಚಿ ಮರ. ಶರತ್ಕಾಲದಲ್ಲಿ ಇದು ಉದುರಿಸುವ ಕಾಯಿಗಳನ್ನು ಬೂದಿನೀರಿನಲ್ಲಿ ನೆನೆಸಿ ಕಹಿ ತೆಗೆದು ಕಡುಬು ಮಾಡಿ ಊರು ಎಷ್ಟೋ ಬರಗಳನ್ನು ದಾಟಿತ್ತು. ಅಂಥ ಮರಕ್ಕೆ, ಸತ್ತ ಕೊಂಬೆಗಾದರೂ, ಗರಗಸ ಇಡುವ ಮುಂಚೆ ಉಪ್ಪು ಹಾಕಿ ಜಾಗ ಶುದ್ಧಿ ಮಾಡಬೇಕು, ಅಕ್ಕಿಯ ಮದ್ಯ ಎರೆಯಬೇಕು, ಅಪ್ಪಣೆ ಕೇಳಬೇಕು. ಮರದ ಸುತ್ತಳತೆ ಎಷ್ಟು ಮಾರೋ ಅಷ್ಟು ಹಿಡಿ ಉಪ್ಪು ಎಂದು ಅವನಪ್ಪ ಕಲಿಸಿದ್ದ. ತೊಚಿ ಏಳು ಮಾರು. ಮರ ಕಡಿಯುವವನ ಹಿಡಿಯೂ ಸಣ್ಣದಲ್ಲ.

ಏಳೂ ಹಿಡಿ ಮುಗಿಸಿ, ಮದ್ಯವನ್ನು ಬೇರಿನ ಮೇಲೆ ಸುರಿದು, ಎರಡು ಸಲ ಬಾಗಿ ಎರಡು ಸಲ ಚಪ್ಪಾಳೆ ತಟ್ಟಿ, "ಅಮ್ಮಾ, ಸತ್ತಿರೋ ಒಂದ್ ಕೈ ತೆಗೀತಿದೀನಿ, ಬದುಕಿರೋದಕ್ಕೆ ಏನೂ ಆಗ್ದಿರೋ ಹಾಗೆ ನೋಡ್ಕೊ," ಎಂದ. ಆಮೇಲೆ ಮುಳ್ಳಿನ ಅಟ್ಟೆಯ ಬೂಟು ಕಳಚಿಟ್ಟು ಬರಿಗಾಲಲ್ಲಿ ಹತ್ತಿದ. ಯಂತ್ರದ ಗರಗಸವನ್ನು ಮನೆಯಲ್ಲೇ ಬಿಟ್ಟು ಬಂದಿದ್ದ, ಅದರ ನಡುಕಕ್ಕೆ ಬುಡದ ಮಣ್ಣು ಅದುರುತ್ತದೆ ಎಂದು. ಕೊಂಬೆಯನ್ನು ಎರಡು ಕಡೆ ಹಗ್ಗದಿಂದ ಬಿಗಿದು, ಕೈಗರಗಸದಲ್ಲಿ ಕೊಯ್ದು, ಮಗುವನ್ನು ತೊಟ್ಟಿಲಿಗಿಳಿಸುವ ಹಾಗೆ ಇಂಚಿಂಚೇ ಇಳಿಸಿ ಹಾದಿಯ ಆಚೆ ಮಲಗಿಸಿದ. ಬುಡದಲ್ಲಿ ಒಂದೇ ಒಂದು ಎಲೆ ಮಗುಚಲಿಲ್ಲ. ಅದನ್ನು ನೋಡಿ ಅವನಿಗೆ ತನ್ನ ಬಗ್ಗೆ ಹೆಮ್ಮೆಯೇ ಆಯಿತು.

ಇಷ್ಟೆಲ್ಲ ಎಚ್ಚರಿಕೆ ಮರಕ್ಕಾಗಿ ಅಲ್ಲ, ಎಲೆಗಳ ಕೆಳಗಿದ್ದವರಿಗಾಗಿ. 'ಅವರು' ಎಂದೇ ಅವನು ಹೇಳುತ್ತಿದ್ದದ್ದು, ಅದಕ್ಕೆ ಹೆಂಡತಿ ತೊಯೊ ನಗುತ್ತಿದ್ದಳು. ಹೆಬ್ಬೆರಳ ಉಗುರಿನಷ್ಟು ದೊಡ್ಡ ಬಸವನಹುಳು. ಚಿಪ್ಪು ಕಂದು ಬಣ್ಣ, ಅದರ ಮೇಲೆ ಬಟ್ಟೆಯ ಜುಂಗಿನಂಥ ನವಿರು ಕೂದಲು. ಉಳಿದ ಬಸವನಹುಳುಗಳ ಚಿಪ್ಪು ಬಲಕ್ಕೆ ಸುತ್ತಿದರೆ ಇವರದು ಎಡಮುರಿ. ಪಟ್ಟಣದ ವಸ್ತುಸಂಗ್ರಹಾಲಯದಿಂದ ಬಂದ ಸೊನೊದಾ ಎಂಬಾಕೆ ಸುತ್ತಲಿನ ಹನ್ನೊಂದು ಬೆಟ್ಟಗಳನ್ನು ಜಾಲಾಡಿ, ಇದು ಈಗ ಈ ಒಂದು ಕಾಡಿನಲ್ಲಿ, ಅದರಲ್ಲೂ ಈ ಒಂದು ಮರದ ಬುಡದಲ್ಲಿ ಮಾತ್ರ ಇದೆ ಎಂದು ಕಂಡುಕೊಂಡಿದ್ದಳು. ಊರಿನವರು ಆಕೆಯನ್ನು ಹುಳದ ಮೇಷ್ಟ್ರಮ್ಮ ಎನ್ನುತ್ತಿದ್ದರು.

ಎರಡು ವರ್ಷದ ಹಿಂದೆ ದಾರಿ ತೋರಿಸಲು ಎಂದು ಕೂಲಿಗೆ ಹೋದವನು ಕಿಸಾಬುರೊ. ಮೊದಲ ದಿನ ಬಾಯಿಗೆ ಬಂದಂತೆ ತಮಾಷೆ ಮಾಡಿದ್ದ. ಆಕೆ ಸಿಟ್ಟಾಗದೆ ಕೈಗೆ ಒಂದು ಭೂತಗನ್ನಡಿ ಕೊಟ್ಟಳು. ಅದರೊಳಗೆ ಒಂದು ಹುಳು ಕೋಡು ಚಾಚಿ, ಕೋಡಿನ ತುದಿಯ ಕಣ್ಣಿನಿಂದ ತನ್ನನ್ನೇ ನೋಡಿದ್ದನ್ನು ಕಂಡ ಮೇಲೆ ಅವನಿಗೆ ತಮಾಷೆ ಹೊರಡಲಿಲ್ಲ. ಇನ್ನೊಂದು ದಿನ ಆಕೆ ಎದುರಿನ ಗುಡ್ಡ ತೋರಿಸಿ, "ಅಲ್ಲೂ ಮೊದ್ಲು ತೊಚಿ ಮರ ಇತ್ತಾ?" ಎಂದು ಕೇಳಿದಳು. ಎದುರಿನ ಗುಡ್ಡವೆಲ್ಲ ಸಾಲುಸಾಲು ದೇವದಾರು ನೆಡುತೋಪು, ಅದರಡಿ ಹುಲ್ಲೂ ಹುಟ್ಟದ ಕತ್ತಲೆ. "ಇತ್ತು. ಇಪ್ಪತ್ತು ಮೂವತ್ತು ಇತ್ತು," ಎಂದ. "ಏನಾಯ್ತು?" "ನಾನೇ ಉರುಳಿಸ್ದೆ." ಅಲ್ಲಿಂದೀಚೆಗೆ ಕೂಲಿ ಇದ್ದ ದಿನವೂ ಇಲ್ಲದ ದಿನವೂ ಅವನು ಬೆಳಿಗ್ಗೆ ಇಲ್ಲಿಗೆ ಬಂದು, ಊಟದ ಜೋಡಿಕಡ್ಡಿಯಿಂದ ಒಂದೊಂದೇ ಎಲೆ ಎತ್ತಿ ಅವರನ್ನು ಎಣಿಸಿ ಹೋಗುತ್ತಿದ್ದ. ಇವತ್ತು ಬೆಳಿಗ್ಗೆ ಮೂವತ್ತೊಂದು. ಒಂಬತ್ತು ದಿನದಿಂದ ಮಳೆಯಿಲ್ಲದೆ ಎಲ್ಲರೂ ಬೇರಿನ ಸಂದಿಯಲ್ಲಿ ಬಾಯಿಗೆ ಪೊರೆ ಕಟ್ಟಿಕೊಂಡು ಮಲಗಿದ್ದರು.

ಸಮಿತಿ ಬರುತ್ತಿದ್ದದ್ದು ಅವರನ್ನು ನೋಡಲಿಕ್ಕೇ. ಊರಿಗೆ ಬರಬೇಕಾದ ಹೊಸ ರಸ್ತೆಯ ಸುರಂಗ ಅಮ್ಮನ ಕಾಡನ್ನು ಸೀಳಿಕೊಂಡು ಹೊರಗೆ ಬೀಳುತ್ತದೆ. ಜೀವಂತ ಹುಳು ಕಣ್ಣಿಗೆ ಬಿದ್ದರೆ ಕಾಡು ಮುಟ್ಟುವಂತಿಲ್ಲ, ರಸ್ತೆ ನಿಲ್ಲುತ್ತದೆ. ಎರಡು ಸಲ ಬಂದಾಗಲೂ ಬಿಸಿಲಿನಲ್ಲಿ ಬಂದು, ಪೊರೆ ಕಟ್ಟಿ ಮಲಗಿದ್ದವರನ್ನು ಜೀವಂತ ಎಂದು ಒಪ್ಪದೆ, ನಾಲ್ಕು ಖಾಲಿ ಚಿಪ್ಪು ನೋಡಿ ಹೋಗಿದ್ದರು. ನಾಳೆಯದು ಮೂರನೆಯ ಸಲ, ಕೊನೆಯ ಸಲ.

ಕೊಂಬೆಯನ್ನು ಪಕ್ಕಕ್ಕೆ ಸರಿಸಿ ಅವನು ಇಳಿದು ಬರುವಾಗ ನೆರೆಯ ಕಿನು ತನ್ನ ಮನೆಯ ಮುಂದೆ ಗಂಡನನ್ನು ಪುಟ್ಟ ಟ್ರಕ್ಕಿನಿಂದ ಇಳಿಸುತ್ತಿದ್ದಳು. ತಾಮೊತ್ಸುವಿಗೆ ಮೂತ್ರಪಿಂಡ ಎರಡೂ ಹೋಗಿದ್ದವು. ವಾರಕ್ಕೆ ಮೂರು ದಿನ ಅರವತ್ತಮೂರು ತಿರುವಿನ ದಾರಿಯಲ್ಲಿ ಪಟ್ಟಣಕ್ಕೆ ಇಳಿದು ರಕ್ತ ಶುದ್ಧಿ ಮಾಡಿಸಿಕೊಂಡು ಅದೇ ಅರವತ್ತಮೂರು ತಿರುವು ಹತ್ತಿ ಬರಬೇಕು. ಮುಖ ಬೂದಿ ಬಣ್ಣಕ್ಕೆ ತಿರುಗಿತ್ತು, ಕೈಯಲ್ಲಿ ವಾಂತಿಯ ಚೀಲ. ಕಿಸಾಬುರೊ ಒಂದು ಕಡೆ ಹೆಗಲು ಕೊಟ್ಟ.

"ಕೊಂಬೆ ತೆಗೆದ್ಯಾ ಅಣ್ಣ?"

"ತೆಗೆದೆ."

"ನಿನ್ ಹುಳಗಳು ಚೆನ್ನಾಗವಾ?"

"ಮಲ್ಗವೆ."

"ಮಲ್ಗೇ ಇರ್ಲಿ," ಎಂದು ಕಿನು ನಕ್ಕಳು. ಆಮೇಲೆ ನಗು ನಿಲ್ಲಿಸಿ, "ಮುಚ್ಚುಮರೆ ಯಾಕೆ, ನಾಳೆ ಒಂದೂ ಈಚೆ ಬರ್ಬಾರ್ದು ಅಂತ ಅಮ್ಮನಿಗೆ ಹರಕೆ ಹೊತ್ಕೊಂಡಿದೀನಿ. ಬೇಜಾರ್ ಮಾಡ್ಕೋಬೇಡ."

"ನಾನು ಬರ್ಲಿ ಅಂತ ಹೊತ್ಕೊಂಡಿದೀನಿ."

"ಹಂಗಾದ್ರೆ ಅಮ್ಮಂಗೆ ತಲೆನೋವು," ಎಂದು ತಾಮೊತ್ಸು ಕಣ್ಣು ಮುಚ್ಚಿಕೊಂಡೇ ಹೇಳಿದ. ಮೂವರೂ ನಕ್ಕರು. ಹೊರಡುವಾಗ ಕಿನು ಒಳಗೆ ಹೋಗಿ ಉಪ್ಪಿನಕಾಯಿ ಹಾಕಿದ ಮೂಲಂಗಿ ಒಂದನ್ನು ಕಾಗದದಲ್ಲಿ ಸುತ್ತಿ ತಂದು ಕೊಟ್ಟಳು. ನಲವತ್ತು ವರ್ಷದಿಂದ ಹೀಗೆಯೇ, ಕೈ ಬೀಸಿಕೊಂಡು ಆ ಮನೆಯಿಂದ ಅವನು ಬಂದದ್ದಿಲ್ಲ.

ಸಂಜೆ ಊಟಕ್ಕೆ ಕೂತಾಗ ಮಳೆ ಶುರುವಾಯಿತು. ಮೊದಲು ಮಾಡಿನ ಮೇಲೆ ನಾಲ್ಕು ಹನಿ, ಆಮೇಲೆ ಸಣ್ಣಗೆ ಒಂದೇ ಸಮ. ಕಿಸಾಬುರೊ ಅನ್ನದ ಬಟ್ಟಲು ಕೆಳಗಿಟ್ಟು ಬಾಗಿಲು ಸರಿಸಿ ಕೈ ಹೊರಗೆ ಚಾಚಿದ.

"ನಾಳೆ ಮೆರವಣಿಗೆ ಕಣೇ. ಮೂವತ್ತೊಂದೂ ಈಚೆ ಬರ್ತಾರೆ."

"ಮದುವೆ ದಿಬ್ಬಣಕ್ಕೂ ನೀವು ಇಷ್ಟು ಖುಷಿ ಪಟ್ಟಿರ್ಲಿಲ್ಲ," ಎಂದಳು ತೊಯೊ. "ಬಾಗ್ಲು ಹಾಕಿ, ಸಾರು ಆರುತ್ತೆ."

ಬೆಳಿಗ್ಗೆ ಐದೂವರೆಗೆ ಅವನು ಕಾಡಿನಲ್ಲಿದ್ದ. ಮಳೆ ನಿಂತಿರಲಿಲ್ಲ. ಅವನು ನಿರೀಕ್ಷಿಸಿದ್ದಂತೆಯೇ ಅವರೆಲ್ಲ ಈಚೆ ಬಂದಿದ್ದರು. ಬೇರಿನ ಮೇಲೆ, ಎಲೆಗಳ ಮೇಲೆ, ಪಾಚಿಯ ಅಂಚಿನಲ್ಲಿ ಅಲ್ಲೊಂದು ಇಲ್ಲೊಂದು ಕಂದು ಚಿಪ್ಪು. ಆದರೆ ಯಾವುದೂ ಚಲಿಸುತ್ತಿರಲಿಲ್ಲ, ಪ್ರತಿಯೊಂದರ ಬಾಯಿಯಲ್ಲೂ ನೊರೆ. ಹಳದಿ ಬಣ್ಣದ, ಸಣ್ಣ ಗುಳ್ಳೆಗಳ ನೊರೆ. ಬಗ್ಗಿ ಒಂದನ್ನು ಎತ್ತಿದ. ಸೊನೊದಾ ಚಿಪ್ಪಿನ ಮೇಲೆ ಬಿಳಿ ಬಣ್ಣದಲ್ಲಿ ಬರೆದ ಅಂಕಿ ಹದಿನಾಲ್ಕು, ತುಟಿ ಮುರಿದದ್ದು. ಮೈ ಚಿಪ್ಪಿನೊಳಗೆ ಹೋಗಲಾರದೆ ಅರ್ಧ ಈಚೆಯೇ ಸುಕ್ಕಾಗಿ ಉಳಿದಿತ್ತು.

ಯಾವ ರೋಗ ಎಂದು ಮೊದಲು ಯೋಚಿಸಿದ. ಯಾರಾದರೂ ಔಷಧಿ ಸಿಂಪಡಿಸಿದರೇ ಎಂದು ಯೋಚಿಸಿದ. ಸದಾಯೊಶಿಯ ಹೆಸರೂ ಮನಸ್ಸಿಗೆ ಬಂತು. ಒದ್ದೆ ಎಲೆ ಎತ್ತಿ ಮೂಸಿದ, ವಾಸನೆಯಿಲ್ಲ. ನಾಲಿಗೆಗೆ ತಾಗಿಸಿದ.

ಉಪ್ಪು.

ಕೋಸಿನ ಮಡಿಗೆ ಬರುವ ಸಿಂಬಳದ ಹುಳುಗಳಿಗೆ ತೊಯೊ ಉಪ್ಪು ಹಾಕಿ ಸಾಯಿಸುವುದನ್ನು ಅವನು ಪ್ರತಿ ವರ್ಷ ನೋಡಿದವನೇ, ತಾನೂ ಹಾಕಿದವನೇ. ಸೊನೊದಾ ಬಂದ ಮೊದಲ ವಾರವೇ, ಬೆವರಿನ ಕೈಯಿಂದ ಮುಟ್ಟಬೇಡಿ, ಬೆವರಿನ ಉಪ್ಪೂ ಇವಕ್ಕೆ ಆಗದು ಎಂದಿದ್ದಳು. ಅವತ್ತಿನಿಂದ ಕಡ್ಡಿ ಹಿಡಿದದ್ದು ಅದಕ್ಕೇ. ಎಲ್ಲ ಗೊತ್ತಿತ್ತು. ಗೊತ್ತಿದ್ದೂ ನಿನ್ನೆ ಅವನ ಕೈಯಲ್ಲಿದ್ದದ್ದು ಉಪ್ಪು ಎಂದು ಅವನಿಗೆ ಒಂದು ಕ್ಷಣವೂ ಅನಿಸಿರಲಿಲ್ಲ. ಅಡುಗೆಮನೆಯ ಡಬ್ಬಿಯಲ್ಲಿರುವುದು ಉಪ್ಪು. ಗರಗಸದ ಜೊತೆ ಚೀಲದಲ್ಲಿರುವುದು ಅಮ್ಮನಿಗೆ ಸೇರಿದ್ದು, ಹದಿನೆಂಟನೆಯ ವಯಸ್ಸಿನಿಂದ ಮರದ ಮುಂದೆ ನಿಂತಾಗಲೆಲ್ಲ ಕೈ ತಾನಾಗಿ ಚೀಲದೊಳಗೆ ಹೋಗುತ್ತಿತ್ತು. ಹಗ್ಗಕ್ಕೆ, ಬೂಟಿಗೆ, ಗರಗಸದ ಅದುರಿಗೆ ಅಷ್ಟೊಂದು ತಲೆ ಕೆಡಿಸಿಕೊಂಡವನು ಈ ಕೈಯೊಂದನ್ನು ಮರೆತಿದ್ದ.

ಎಲೆಗಳನ್ನು ಎರಡೂ ಕೈಯಿಂದ ಬಾಚಿ ಬಾಚಿ ಆಚೆ ಎಸೆದ. ಟೋಪಿಯಲ್ಲಿ ತೊರೆಯ ನೀರು ತಂದು ಸುರಿದ. ಸುರಿದರೆ ಉಪ್ಪು ಇನ್ನೂ ಕೆಳಗೆ ಸಂದಿಯೊಳಗೆ ಇಳಿಯುತ್ತದೆ ಎಂದು ಹೊಳೆದು ನಿಲ್ಲಿಸಿದ. ಎಣಿಸಲು ಹೋಗಿ ಇಪ್ಪತ್ತಮೂರಕ್ಕೆ ಬಿಟ್ಟ. ಕಣ್ಣಲ್ಲಿ ನೀರು ಬಂದದ್ದು ಮಳೆಯಲ್ಲಿ ಅವನಿಗೇ ತಿಳಿಯಲಿಲ್ಲ.

ಮನೆಗೆ ಬಂದಾಗ ತೊಯೊ ಒಲೆಯ ಮುಂದಿದ್ದಳು. ಅವನು ಹೊಸ್ತಿಲಲ್ಲೇ ಕೂತು, ಬೂಟೂ ಬಿಚ್ಚದೆ, ಆದದ್ದೆಲ್ಲ ಹೇಳಿದ. ಅವಳು ಒಲೆ ಆರಿಸಿ ಬಂದು ಪಕ್ಕದಲ್ಲಿ ಕೂತಳು.

"ಬೇಕು ಅಂತ ಮಾಡಿದ್ದಲ್ವಲ್ಲ," ಎಂದಳು.

"ಅಲ್ಲ."

"ಮತ್ತೆ? ಬಾಯಿ ಮುಚ್ಕೊಂಡ್ ನಿಂತ್ಕೊಳಿ ಅಷ್ಟೇ. ನೀವು ಸುಳ್ಳು ಹೇಳ್ಬೇಕಾಗಿಲ್ಲ. ಅವ್ರು ಬರ್ತಾರೆ, ಸತ್ತಿರೋದ್ನ ನೋಡ್ತಾರೆ, ಹೋಗ್ತಾರೆ."

"ಹೋಗಿ ಜೀವಂತ ಹುಳ ಇಲ್ಲ ಅಂತ ಬರೀತಾರೆ. ಬರೆದ್ರೆ ಕಾಡು ಹೋಯ್ತು."

"ರಸ್ತೆ ಬಂದ್ರೆ ಕಿನು ಗಂಡ ಉಳೀತಾನೆ. ಈ ಚಳಿಗಾಲ ಆ ದಾರೀಲಿ ಅವನು ದಾಟಲ್ಲ, ಅವಳಿಗೂ ಗೊತ್ತು, ನಿಮಗೂ ಗೊತ್ತು."

"ರಸ್ತೆ ಆಗೋಕೆ ನಾಕ್ ವರ್ಷ ಬೇಕು ಕಣೇ."

"ಬರುತ್ತೆ ಅಂತ ಗೊತ್ತಾದ್ರೆ ಮನುಷ್ಯ ನಾಕ್ ವರ್ಷ ಬದುಕ್ತಾನೆ," ಎಂದಳು ತೊಯೊ. "ಸತ್ತಿದ್ದು ಸತ್ತೋಯ್ತು ರೀ. ನೀವು ಬಾಯಿಬಿಟ್ರೆ ಅವೇನು ಎದ್ದು ಬರ್ತಾವಾ?"

ಆದರೆ ಇನ್ನೊಂದು ವಿಷಯವಿತ್ತು, ಅದನ್ನು ಇಬ್ಬರೂ ಬಲ್ಲರು. ಸಮಿತಿಯ ನಿಯಮದ ಹಾಳೆಯನ್ನು ಸೊನೊದಾ ಇದೇ ಜಗಲಿಯಲ್ಲಿ ಕೂತು ಓದಿ ಹೇಳಿದ್ದಳು. ಹುಳುಗಳು ತಾವಾಗಿ ಇಲ್ಲವಾದರೆ ವಿಷಯ ಮುಗಿಯಿತು. ಮನುಷ್ಯರ ಕೈಯಿಂದ ಸತ್ತವು ಎಂದಾದರೆ ಒಂದು ವರ್ಷ ಯಾರೂ ಕಾಡು ಮುಟ್ಟದೆ, ಉಳಿದವು ಇವೆಯೇ ಎಂದು ಮತ್ತೊಂದು ಮಳೆಗಾಲ ಹುಡುಕಬೇಕು. ನಿನ್ನೆ ಬೆಳಿಗ್ಗೆಯವರೆಗೂ ಮೂವತ್ತೊಂದು ಜೀವ ಇದ್ದವು ಎನ್ನಲು ಇಡೀ ಲೋಕದಲ್ಲಿ ಇದ್ದ ಸಾಕ್ಷಿ ಅವನೊಬ್ಬ. ಸತ್ತದ್ದು ಹೇಗೆ ಎನ್ನಲೂ ಅವನೊಬ್ಬ.

ತೊಯೊ ಒಣ ಬಟ್ಟೆ ತಂದು ಅವನ ತಲೆ ಒರೆಸಿದಳು. "ಹೊಟ್ಟೆಗೆ ಏನಾದ್ರೂ ಹಾಕ್ಕೊಂಡ್ ಹೋಗಿ," ಎಂದಳು. ಅವನು ತಿನ್ನಲಿಲ್ಲ.

ಒಂಬತ್ತಕ್ಕೆ ಸರಿಯಾಗಿ ಬಂದರು. ಐದು ಛತ್ರಿ, ಐದು ಜೊತೆ ಹೊಸ ರಬ್ಬರ್ ಬೂಟು. ಮುಂದಾಳು ಕುಮೆ ಎಂಬ ಅಧಿಕಾರಿ, ಮಿತಭಾಷಿ, ಬರೆಯುವ ಹಲಗೆಗೆ ಪ್ಲಾಸ್ಟಿಕ್ ಹೊದಿಸಿಕೊಂಡು ಬಂದಿದ್ದ. ಸದಾಯೊಶಿ ಕೋಟು ಹಾಕಿದ್ದ. ಊರಿನ ಆರೇಳು ಜನರೂ ಹಿಂದೆ ಹತ್ತಿಬಂದಿದ್ದರು, ಅವರಲ್ಲಿ ಕಿನುವೂ ಇದ್ದಳು. ಸೊನೊದಾ ಎಲ್ಲರಿಗಿಂತ ಮುಂದೆ. ಮಳೆ ನೋಡಿ ರಾತ್ರಿಯೆಲ್ಲ ನಿದ್ದೆ ಬರಲಿಲ್ಲ, ಸಂತೋಷಕ್ಕೆ, ಎಂದು ದಾರಿಯಲ್ಲಿ ಕಿಸಾಬುರೊವಿಗೆ ಹೇಳಿದಳು. ಅವನು ತಲೆಯಾಡಿಸಿದ.

ಮರ ಕಾಣುತ್ತಲೂ ಆಕೆ ಓಡಿದಳು. ಮಂಡಿಯೂರಿದಳು. ಹಿಂದಿನವರಿಗೆ ಆಕೆಯ ಬೆನ್ನು ಮಾತ್ರ ಕಾಣುತ್ತಿತ್ತು. ಒಂದೊಂದನ್ನೇ ಎತ್ತಿ ಅಂಗೈಯಲ್ಲಿಟ್ಟುಕೊಂಡು, ಕೆಳಗಿಟ್ಟು, ಇನ್ನೊಂದನ್ನು ಎತ್ತುತ್ತಿದ್ದಳು. ಹಾಗೆ ಎಷ್ಟೋ ಹೊತ್ತು.

"ಎಲ್ಲಾ ಹೋಗಿವೆ," ಎಂದಳು ಕೊನೆಗೆ, ತಿರುಗದೆ. "ಏನೋ ಆಗಿದೆ. ಇದು... ಏನು ಅಂತ ನನಗೆ ಗೊತ್ತಾಗ್ತಿಲ್ಲ."

ಕುಮೆ ಬಗ್ಗಿ ನೋಡಿದ. ಅವನ ಮುಖದಲ್ಲೂ ಸಂಕಟವಿತ್ತು, ಕೆಟ್ಟ ಮನುಷ್ಯನಲ್ಲ. "ಸೊನೊದಾ ಅವ್ರೇ, ನಾನು ಕಂಡಿದ್ದನ್ನ ಮಾತ್ರ ಬರೀಬಹುದು. ಜೀವಂತ ಇರೋದು ಒಂದಾದ್ರೂ ಇದ್ರೆ ತೋರ್ಸಿ, ಕಾಯ್ತೀವಿ."

ಕಾದರು. ಆಕೆ ಬೇರಿನ ಸಂದಿಗೆ ಬೆರಳು ತೂರಿಸಿ ಹುಡುಕಿದಳು. ಸಿಗಲಿಲ್ಲ.

ಸದಾಯೊಶಿ ಗಂಟಲು ಸರಿಮಾಡಿಕೊಂಡ. "ಪಾಪ, ಮೇಷ್ಟ್ರಮ್ಮ ಕಷ್ಟಪಟ್ಟಿದ್ದು ನಾವೂ ನೋಡಿದೀವಿ. ಆದ್ರೆ ನನ್ನ ಕೇಳಿದ್ರೆ ಇವು ಯಾವಾಗ್ಲೋ ಸೊರಗಿ ಹೋಗಿದ್ವು ಸ್ವಾಮಿ. ಒಂದು ಮರದ ಬುಡ, ನಾಕು ಹುಳ, ಎಷ್ಟು ದಿನ ಬದುಕ್ತವೆ? ಬೇಕಾದ್ರೆ ನಮ್ ಕಿಸಾಬುರೊನ ಕೇಳಿ, ದಿನಾ ಬಂದು ನೋಡೋನು ಅವನೇ." ಅವನು ತಿರುಗಿದ. ಆ ನೋಟದಲ್ಲಿ ಬೆದರಿಕೆಯಿರಲಿಲ್ಲ, ಐವತ್ತು ವರ್ಷದ ಸಲಿಗೆಯಿತ್ತು. "ಹೇಳಯ್ಯ, ಜೀವ ಇರೋದ್ನ ಕೊನೇಗೆ ಯಾವತ್ತು ನೋಡ್ದೆ? ತಿಂಗಳು ಆಗಿರ್ಬೇಕಲ್ವಾ?"

ಎಲ್ಲರೂ ಅವನನ್ನು ನೋಡಿದರು. ಸೊನೊದಾ ಕೂಡ ತಿರುಗಿದಳು. ಕಿಸಾಬುರೊ ನೋಡಿದ್ದು ಕಿನುವಿನ ಕಡೆ. ಅವಳು ಛತ್ರಿಯ ಹಿಡಿಯನ್ನು ಎರಡೂ ಕೈಯಲ್ಲಿ ಹಿಡಿದು, ಮರದ ಕಡೆ ಮುಖ ಮಾಡಿ, ತುಟಿ ಅಲ್ಲಾಡಿಸುತ್ತಿದ್ದಳು. ಹರಕೆ ಫಲಿಸಿತೆಂದು ಅಮ್ಮನಿಗೆ ಕೈಮುಗಿಯುತ್ತಿದ್ದಾಳೆ ಎಂದು ಅವನಿಗೆ ಅರ್ಥವಾಯಿತು. ಹೇಳಬಾರದು ಎಂದು ಅವನು ನಿರ್ಧರಿಸಿದ್ದು ಆಗಲೇ. ನಿರ್ಧರಿಸಿ, ತಿಂಗಳಾಯಿತು ಎನ್ನಲು ಬಾಯಿ ತೆರೆದ.

"ನಿನ್ನೆ ಬೆಳಿಗ್ಗೆ," ಎಂದ. "ಮೂವತ್ತೊಂದು ಇದ್ರು. ಎಲ್ಲಾ ಜೀವ ಇದ್ರು."

"ಕಿಸಾ," ಎಂದ ಸದಾಯೊಶಿ.

"ಮಧ್ಯಾಹ್ನ ಕೊಂಬೆ ಕಡಿಯೋಕೆ ಬಂದೆ. ಕಡಿಯೋಕೆ ಮುಂಚೆ ಉಪ್ಪು ಹಾಕ್ದೆ. ಏಳು ಹಿಡಿ. ಸಾಯಂಕಾಲ ಮಳೆ ಬಂತು. ನಾನೇ ಸಾಯ್ಸಿದ್ದು." ಅವನು ಒದ್ದೆ ನೆಲದ ಮೇಲೆ ಕೂತು ಎರಡೂ ಅಂಗೈ ಊರಿ ಹಣೆ ಮಣ್ಣಿಗೆ ಹಚ್ಚಿದ. "ಬರ್ಕೊಳಿ ಸ್ವಾಮಿ. ಮನುಷ್ಯ ಸಾಯ್ಸಿದ್ದು ಅಂತ ಬರ್ಕೊಳಿ."

ಸದಾಯೊಶಿ ನಗಲು ಪ್ರಯತ್ನಿಸಿ, ವಯಸ್ಸಾಯಿತು, ಇವನಿಗೆ ಮರೆವು, ಎಂದೇನೋ ಹೇಳಿದ. ಕುಮೆ ಅದನ್ನು ಕೇಳಿಸಿಕೊಳ್ಳದೆ, ಎಷ್ಟು ಗಂಟೆಗೆ, ಎಷ್ಟು ಉಪ್ಪು, ಯಾರು ಹೇಳಿದ್ದು, ಎಂದು ಒಂದೊಂದೇ ಕೇಳಿ ಬರೆದುಕೊಂಡ. ವಿಚಾರಣೆಗೆ ಕರೆಯಬೇಕಾಗಬಹುದು ಎಂದ. ಒಂದು ವರ್ಷ ಈ ಜಾಗ ಯಾರೂ ಮುಟ್ಟುವಂತಿಲ್ಲ ಎಂದ. ಹಿಂದೆ ನಿಂತವರಲ್ಲಿ ಯಾರೋ ಒಬ್ಬ ಬೂಟು ಕಾಲಿನಿಂದ ನೆಲ ಒದ್ದು ಇಳಿದು ಹೋದ. ಒಬ್ಬೊಬ್ಬರಾಗಿ ಉಳಿದವರೂ ಇಳಿದರು. ಕಿನು ಕೊನೆಯವಳು. ಅವಳು ಬೈಯುತ್ತಾಳೆ ಎಂದು ಅವನು ಕಾದ, ಬೈದಿದ್ದರೆ ಚೆನ್ನಾಗಿತ್ತು. ಅವಳು ಛತ್ರಿ ಮಡಿಸಿ, ಮಳೆಯಲ್ಲೇ ನೆನೆಯುತ್ತ ಇಳಿದು ಹೋದಳು.

ಸೊನೊದಾ ಚಿಪ್ಪುಗಳನ್ನು ಹತ್ತಿಯ ಮೇಲೆ ಸಾಲಾಗಿ ಇಟ್ಟು ಡಬ್ಬಿ ತುಂಬಿದಳು. ಕಿಸಾಬುರೊ ನೆರವಿಗೆ ಕೈ ಚಾಚಿದಾಗ, "ಬೇಡಿ," ಎಂದಳು. ದನಿ ಒರಟಾಗಿರಲಿಲ್ಲ. ಎಲ್ಲ ಮುಗಿದ ಮೇಲೆ ಎದ್ದು, ಅವನ ಮುಂದೆ ನಿಂತು, ಎಂದೂ ಬಾಗದಷ್ಟು ತಗ್ಗಿ ಬಾಗಿದಳು. ತುಂಬ ಹೊತ್ತು ತಲೆ ಎತ್ತಲಿಲ್ಲ. ಅದು ಕೃತಜ್ಞತೆಯೋ, ಇನ್ನು ಮುಖ ನೋಡಲಾರೆ ಎಂಬುದೋ, ಅವನಿಗೆ ತಿಳಿಯಲಿಲ್ಲ.

"ಕಿಸಾಬುರೊ ಅವ್ರೇ, ಇನ್ಮೇಲೆ ಈ ಕಾಡಿನೊಳಗೆ ಬರ್ಬೇಡಿ. ದಯವಿಟ್ಟು."

"ಆಯ್ತು ತಾಯಿ," ಎಂದ.

ಮೂರನೆಯ ದಿನ ಆಕೆ ಫೋನು ಮಾಡಿದಳು. ತೊಳೆಯುತ್ತ ತೊಳೆಯುತ್ತ ಎರಡು ಮಾತ್ರ ಪೂರ್ತಿ ಚಿಪ್ಪಿನೊಳಗೆ ಸೇರಿಕೊಂಡದ್ದು ಸಿಕ್ಕಿವೆ, ಸತ್ತಿವೆಯೋ ಬದುಕಿವೆಯೋ ಹೇಳಲಾಗದು, ಒದ್ದೆ ಪಾಚಿಯಲ್ಲಿ ಇಟ್ಟಿದ್ದೇನೆ ಎಂದಳು. ಅವನು, "ತೊಚಿ ಎಲೆ ಹಾಕಿದೀರಾ?" ಎಂದು ಕೇಳಿದ. "ಹಾಕಿದೀನಿ," ಎಂದಳು. ಅಷ್ಟಕ್ಕೇ ಇಬ್ಬರೂ ಫೋನು ಇಟ್ಟರು.

ಆ ವಾರವೆಲ್ಲ ಮಳೆ. ಕಿಸಾಬುರೊ ಬೆಳಿಗ್ಗೆ ಐದಕ್ಕೆ ಎದ್ದು, ಬೂಟು ಹಾಕಿಕೊಂಡು, ಮತ್ತೆ ಬಿಚ್ಚಿ ಜಗಲಿಯಲ್ಲಿ ಕೂರುತ್ತಿದ್ದ. ತೊಯೊ ಅವನಿಗೆ ಒಂದು ಮಾತೂ ಅನ್ನಲಿಲ್ಲ. ಅಂಗಡಿಯ ವ್ಯಾನು ಬಂದಾಗ ಒಬ್ಬಳೇ ಹೋಗಿ, ಬೇಗ ಬಂದುಬಿಡುತ್ತಿದ್ದಳು. ಯಾರು ಸಿಕ್ಕಿದರು ಎಂದು ಅವನು ಕೇಳುತ್ತಿರಲಿಲ್ಲ.

ಶನಿವಾರ ಮಧ್ಯಾಹ್ನ ಕೆಳಗಿನ ಮೆಟ್ಟಿಲಲ್ಲಿ ರಬ್ಬರ್ ಬೂಟಿನ ಸದ್ದು ಕೇಳಿಸಿತು. ಊರಿನ ಸುದ್ದಿ ಹಲಗೆ ಬರುವ ದಿನ. ಕಸ ಎತ್ತುವ ದಿನ ಯಾವುದು, ನೀರಿನ ತೊಟ್ಟಿ ತೊಳೆಯುವ ಸರದಿ ಯಾರದು, ಯಾರ ಮನೆಯಲ್ಲಿ ಯಾರು ತೀರಿಕೊಂಡರು ಎಲ್ಲ ಅದರಲ್ಲಿ ಬರುತ್ತದೆ. ಮನೆಯಿಂದ ಮನೆಗೆ ಕೈಯಲ್ಲೇ ಹೋಗಬೇಕು, ಓದಿದವರು ತಮ್ಮ ಹೆಸರಿನ ಕೆಳಗೆ ಮುದ್ರೆ ಒತ್ತಿ ಮುಂದಿನ ಮನೆಗೆ ಕೊಡಬೇಕು. ಕಿನುವಿನ ಮನೆಯ ನಂತರ ಇವರದು, ಇವರ ನಂತರ ಮೇಲಿನ ಮನೆ.

"ಕಿನು ಬಂದ್ಲು," ಎಂದಳು ತೊಯೊ ಒಳಗಿನಿಂದ. ಅವಳ ದನಿಯಲ್ಲಿ ವಾರದಿಂದ ಇಲ್ಲದ ಒಂದು ಹಗುರ ಇತ್ತು. "ಮುದ್ರೆ ತಗೊಳಿ, ಡ್ರಾಯರ್‌ನಲ್ಲಿದೆ. ಚಾ ಕುಡ್ಕೊಂಡ್ ಹೋಗು ಅನ್ನಿ." ಲೋಟಗಳ ಸದ್ದಾಯಿತು.

ಕಿಸಾಬುರೊ ಮುದ್ರೆ ಹುಡುಕಿ ತೆಗೆದ. ಮೊದಲು ಏನು ಹೇಳಬೇಕು ಎಂದು ಯೋಚಿಸುತ್ತ ಬಾಗಿಲು ಸರಿಸಿ ಹೊಸ್ತಿಲಲ್ಲಿ ನಿಂತ. ಬೂಟಿನ ಸದ್ದು ಹತ್ತಿರ ಬಂತು. ಛತ್ರಿಯೂ ಬೇಲಿಯ ಮೇಲೆ ಕಾಣಿಸಿತು. ಅವನು ಮುದ್ರೆಯನ್ನು ಬಾಯಿಯ ಬಳಿ ಹಿಡಿದು, ಒತ್ತುವ ಮುಂಚೆ ಎಲ್ಲರೂ ಮಾಡುವಂತೆ, ಹಾ ಎಂದು ಬಿಸಿ ಉಸಿರು ಊದಿದ.

ಛತ್ರಿ ಅವರ ಗೇಟಿನ ಮುಂದೆ ನಿಲ್ಲಲಿಲ್ಲ. ಕಿನು ಹಲಗೆಯನ್ನು ಎದೆಗೆ ಅವಚಿಕೊಂಡು, ನೆಲ ನೋಡುತ್ತ, ಮೇಲಿನ ಮೆಟ್ಟಿಲುಗಳನ್ನು ನಿಧಾನವಾಗಿ ಹತ್ತಿಹೋದಳು. ಮೇಲಿನ ಮನೆಯ ಬಾಗಿಲು ಸರಿದು, "ಈ ಮಳೇಲಿ ಬಂದ್ಯಲ್ಲೇ, ಬಾ ಒಳಗೆ," ಎನ್ನುವುದು ಕೇಳಿಸಿತು.

ಒಳಗೆ ತೊಯೊ ತಟ್ಟೆಯಲ್ಲಿ ಮೂರು ಲೋಟ ಚಹಾ ಇಟ್ಟುಕೊಂಡು ನಿಂತಿದ್ದಳು. ಅವನು ತಿರುಗಿ ನೋಡಲಿಲ್ಲ. ಮುದ್ರೆಯ ಮೇಲಿನ ಉಸಿರಿನ ತೇವ ಆರುವವರೆಗೂ ಬಾಗಿಲಲ್ಲೇ ನಿಂತಿದ್ದ.